ಷೇರ್ಡ್ ಲೈಬ್ರರಿ

ಷೇರ್ಡ್ ಲೈಬ್ರರಿ: ಹಲವು ತಂತ್ರಾಂಶಗಳು ಚಾಲನೆಯಲ್ಲಿರುವಾಗ ಸಾಮಾನ್ಯವಾಗಿ ಬಳಸಿಕೊಳ್ಳುವ, ಕಂಪೈಲ್ ಆದ ಕೋಡ್ ಇರುವ ಕಡತ. ವಿಂಡೋಸ್‌ನಲ್ಲಿ ಡಿಎಲ್‌ಎಲ್, ಲಿನಕ್ಸ್‌ನಲ್ಲಿ ಎಸ್‌ಒ ಎಂದು ಇದರ ಹೆಸರು ಕೊನೆಗೊಳ್ಳುತ್ತದೆ. ಈ ಕಲ್ಪನೆ 1960ರ ದಶಕದ ಮಲ್ಟಿಕ್ಸ್ ಎಂಬ ಕಾರ್ಯಾಚರಣಾ ವ್ಯವಸ್ಥೆಯದು. ವಿಂಡೋಸ್ 1985ರ ಮೊದಲ ಆವೃತ್ತಿಯಿಂದಲೇ ಇದನ್ನು ಅಳವಡಿಸಿಕೊಂಡಿತು. ಒಂದೇ ಪ್ರತಿ ಎಲ್ಲಕ್ಕೂ ಸಾಕಾಗುವುದರಿಂದ ಡಿಸ್ಕ್ ಮತ್ತು ಮೆಮೊರಿ ಉಳಿಯುತ್ತವೆ. ಕಡತ ಅಳಿದರೆ ಅಥವಾ ಆವೃತ್ತಿ ಹೊಂದದಿದ್ದರೆ ಅವಲಂಬಿತ ತಂತ್ರಾಂಶಗಳು ತೆರೆಯದೆ ಹೋಗಬಹುದು.

ಕನ್ನಡದ ಮಟ್ಟಿಗೆ ಮುಖ್ಯವಾದುದು ಅಕ್ಷರ ಜೋಡಿಸುವ ಲೈಬ್ರರಿ. ಯೂನಿಕೋಡ್ ಸಂಕೇತಗಳ ಸಾಲನ್ನು ಗುಣಿತಾಕ್ಷರ, ಒತ್ತಕ್ಷರ, ಅರ್ಕಾವತ್ತುಗಳ ಸರಿಯಾದ ರೂಪಕ್ಕೆ ತರುವುದು ಅದರ ಕೆಲಸ. ಅಕ್ಷರದ ತುಂಡುಗಳನ್ನೇ ಫಾಂಟಿನಲ್ಲಿ ತುಂಬಿದ್ದ ಹಳೆಯ ನುಡಿ, ಬರಹ ಫಾಂಟುಗಳಿಗೆ ಇದರ ಅಗತ್ಯವಿರಲಿಲ್ಲ. ಡಿಟಿಪಿ ಅಂಗಡಿಗಳು ಅವನ್ನು ಬೇಗ ಬಿಡದಿರಲು ಇದೂ ಒಂದು ಕಾರಣ. 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ತುಂಗಾ ಫಾಂಟಿನೊಂದಿಗೆ ಅಕ್ಷರ ಜೋಡಿಸುವ ಕೆಲಸ ಯೂನಿಸ್ಕ್ರೈಬ್ ಎಂಬ ಲೈಬ್ರರಿಗೆ ಸೇರಿತು. ಫೈರ್‌ಫಾಕ್ಸ್, ಲಿಬ್ರೆಆಫೀಸ್‌ಗಳಲ್ಲಿ ಈಗ ಅದನ್ನು ಮಾಡುವುದು ಹಾರ್ಫ್‌ಬಜ್ ಎಂಬ ಲೈಬ್ರರಿ.

ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಸೀಮೆಯ ತುಳು ಹೆಚ್ಚಾಗಿ ಕನ್ನಡ ಲಿಪಿಯಲ್ಲಿರುವುದರಿಂದ ಅದಕ್ಕೂ ಇದೇ ಕೋಡ್ ಸಾಕು. ತುಳುವಿಗೂ ಬಳಸುವ ತುಳು-ತಿಗಳಾರಿ ಲಿಪಿಯಾದರೋ 2024ರ ಸೆಪ್ಟೆಂಬರ್‌ನಲ್ಲಿ ಯೂನಿಕೋಡ್ 16ಕ್ಕೆ ಸೇರಿತು. ಅದೇ ತಿಂಗಳು ಬಂದ ಹಾರ್ಫ್‌ಬಜ್ 10 ಆ ಆವೃತ್ತಿಯನ್ನು ಒಳಗೊಂಡಿತು. ಲೈಬ್ರರಿಯನ್ನು ಹಂಚಿಕೊಂಡ ತಂತ್ರಾಂಶಗಳನ್ನು ಇದಕ್ಕಾಗಿ ಒಂದೊಂದಾಗಿ ತಿದ್ದಬೇಕಿಲ್ಲ. ತಕ್ಕ ಫಾಂಟ್ ಮಾತ್ರ ಬೇಕು.