ಗೋಡೆಯ ಬೂಟು, ಕೆಮ್ಮಣ್ಣಿನ ಪಟ್ಟೆ

ಹಳೇ ಮೈಸೂರು ಕಡೆಯ ಯಾವುದಾದರೂ ಊರಿನ ಹಳೆಯ ಬೀದಿಯಲ್ಲಿ ಒಮ್ಮೆ ನಡೆದು ನೋಡಿ. ಹೆಂಚಿನ ಮನೆಗಳ ಗೋಡೆಗೆ ಬಿಳಿ ಸುಣ್ಣ. ಬುಡದಲ್ಲಿ, ಪಾಯ ನೆಲದಿಂದ ಮೇಲೆದ್ದು ಕಾಣುವ ಕಡೆ ಮಾತ್ರ ಕೆಮ್ಮಣ್ಣಿನ ಪಟ್ಟೆ. ಹಬ್ಬಕ್ಕೆ ಮುಂಚೆ ಮನೆ ಸಾರಣೆ-ಕಾರಣೆ ಆಗಬೇಕು ಅಂತಾರಲ್ಲ, ಆ ‘ಕಾರಣೆ’ ಅಂದರೆ ಇದೇ. ಇದು ಚೆಂದಕ್ಕೆ ಅಂದ್ಕೋತೀವಿ. ಬರೀ ಚೆಂದಕ್ಕಾದರೆ ಪಟ್ಟೆ ಗೋಡೆಯ ನಡುವೆಯೂ ಇರಬಹುದಿತ್ತು. ಬುಡದಲ್ಲೇ ಯಾಕೆ?

ಉತ್ತರ, ನೀರು. ಸೂರಿನಿಂದ ಬಿದ್ದ ಮಳೆನೀರು ಅಂಗಳದ ಮಣ್ಣನ್ನೂ ಹೊತ್ತು ಗೋಡೆಗೆ ಸಿಡಿಯುತ್ತೆ. ಇದು ಕಣ್ಣಿಗೆ ಕಾಣೋದು. ಕಾಣದ್ದು ಇನ್ನೊಂದಿದೆ: ದೀಪದ ಬತ್ತಿ ಎಣ್ಣೆ ಎಳೆದುಕೊಳ್ಳೋ ಹಾಗೆ ಮಣ್ಣು, ಇಟ್ಟಿಗೆ, ಗಾರೆ ಎಲ್ಲವೂ ನೆಲದ ತೇವವನ್ನು ಮೇಲಕ್ಕೆ ಎಳೀತವೆ. ತೇವದ ಜೊತೆ ಲವಣವೂ ಏರುತ್ತೆ. ನೀರು ಆರಿದ ಮೇಲೆ ಲವಣ ಹರಳುಗಟ್ಟಿ ಗೋಡೆಯ ಮೈಯನ್ನು ಒಳಗಿನಿಂದಲೇ ಪುಡಿ ಮಾಡುತ್ತೆ.

ಈ ತಲೆನೋವು ಎರಡು ಸಾವಿರ ವರ್ಷಕ್ಕೂ ಹಳೆಯದು. ಕ್ರಿ.ಪೂ. 1ನೇ ಶತಮಾನದ ರೋಮನ್ ವಾಸ್ತುಶಿಲ್ಪಿ ವಿಟ್ರುವಿಯಸ್ ತನ್ನ ಗ್ರಂಥದ ಏಳನೆಯ ಭಾಗದಲ್ಲಿ ತೇವದ ಗೋಡೆಗೆ ಮದ್ದು ಹೇಳಿದ್ದಾನೆ. ನೆಲದಿಂದ ಸುಮಾರು 3 ಅಡಿವರೆಗೆ ಗಾರೆಗೆ ಮರಳಿನ ಬದಲು ಸುಟ್ಟ ಮಡಕೆ-ಹೆಂಚಿನ ಪುಡಿ ಬೆರೆಸಿ. ಅದಕ್ಕೂ ಬಗ್ಗದಿದ್ದರೆ ಸ್ವಲ್ಪ ಜಾಗ ಬಿಟ್ಟು ಇನ್ನೊಂದು ತೆಳು ಗೋಡೆ ಕಟ್ಟಿ, ತೇವ ಹೊರಗೆ ಹೋಗಲು ಕಿಂಡಿ ಇಡಿ. ಆ ಪುಡಿ ನಮಗೆ ಹೊಸದಲ್ಲ, ನಮ್ಮವರು ಸುರ್ಕಿ ಅಂತಾರೆ. 1911ರಲ್ಲಿ ಕೆಲಸ ಶುರುವಾದ ಕನ್ನಂಬಾಡಿ ಕಟ್ಟೆಯ ಕಲ್ಲುಗಳನ್ನು ಬೆಸೆದಿರೋದು ಸುಣ್ಣ-ಸುರ್ಕಿಯ ಗಾರೆಯೇ.

ಸುಣ್ಣದ ಗುಟ್ಟು ಇರೋದು ಅದರ ಸಣ್ಣ ರಂಧ್ರಗಳಲ್ಲಿ. ಬಳಿದ ಸುಣ್ಣ ಗಾಳಿಯ ಇಂಗಾಲದ ಡೈಆಕ್ಸೈಡ್ ಹೀರಿಕೊಂಡು ಮತ್ತೆ ಸುಣ್ಣದಕಲ್ಲೇ ಆಗುತ್ತೆ, ಆದರೂ ಉಸಿರಾಡುತ್ತೆ. ಒಳಗಿನ ತೇವ ಆವಿಯಾಗಿ ಹೊರಬೀಳುತ್ತೆ. ಕೆಮ್ಮಣ್ಣಿನ ಬಣ್ಣ ಕಬ್ಬಿಣದ ಆಕ್ಸೈಡಿನದು, ಬಿಸಿಲಿಗೆ ಮಾಸಲ್ಲ. ಸಿಡಿದ ಕೆಸರೂ ಅದರ ಮೇಲೆ ಎದ್ದು ಕಾಣಲ್ಲ. ಒಂದು ಮಳೆಗಾಲಕ್ಕೆ ಪಟ್ಟೆ ಕಿತ್ತು ಬಂದರೂ ಚಿಂತೆಯಿಲ್ಲ. ಹೋಗಿದ್ದು ಬಣ್ಣ, ಉಳಿದಿದ್ದು ಗೋಡೆ. ಮುಂದಿನ ಹಬ್ಬಕ್ಕೆ ಮತ್ತೆ ಬಳಿದರಾಯ್ತು.

ಇದನ್ನು ಮರೆತರೆ ಏನಾಗುತ್ತೆ ಅನ್ನೋದಕ್ಕೆ ಇಂಗ್ಲೆಂಡಿನ ಡೆವನ್ ಪ್ರಾಂತ್ಯ ನೋಡಬೇಕು. ಅಲ್ಲಿನ ಹಳೆಯ ಮನೆಗಳ ಗೋಡೆ ನಮ್ಮ ಮಣ್ಣಿನ ಗೋಡೆಯ ದಾಯಾದಿ: ಮಣ್ಣಿಗೆ ಹುಲ್ಲು ಕಲಸಿ, ತುಳಿದು ಕಟ್ಟಿದ ‘ಕಾಬ್’. ಇಂಥ ಗೋಡೆಗೆ ಒಳ್ಳೆ ಟೋಪಿ, ಒಳ್ಳೆ ಬೂಟು ಇದ್ದರೆ ಸಾಕು ಅಂತ ಅಲ್ಲೊಂದು ಮಾತಿದೆ. ಟೋಪಿ ಅಂದರೆ ಮುಂದಕ್ಕೆ ಚಾಚಿದ ಸೂರು, ಬೂಟು ಅಂದರೆ ಕಲ್ಲಿನ ಪಾಯ. ಆಮೇಲೆ ಆ ಬೂಟಿಗೆ ಕಪ್ಪು ಟಾರು ಬಳಿಯೋ ರೂಢಿ ಬಂತು. ಲೀಡ್ಸ್ ನಗರದ ಜೋಸೆಫ್ ಆಸ್ಪ್‌ಡಿನ್ 1824ರಲ್ಲಿ ಪೋರ್ಟ್‌ಲ್ಯಾಂಡ್ ಸಿಮೆಂಟಿಗೆ ಪೇಟೆಂಟ್ ಪಡೆದ. 20ನೇ ಶತಮಾನದಲ್ಲಿ ಹಳೆಯ ಮಣ್ಣಿನ ಗೋಡೆಗಳ ಮೇಲೂ ಸಿಮೆಂಟು ಏರಿತು. ನೋಡೋಕೆ ಗಟ್ಟಿ, ನುಣುಪು. ಆದರೆ ಬಿರುಕಿನಿಂದ ಒಳಹೊಕ್ಕ ನೀರಿಗೆ, ನೆಲದಿಂದ ಏರಿದ ತೇವಕ್ಕೆ ಹೊರಹೋಗಲು ದಾರಿಯೇ ಇಲ್ಲ. ಮಣ್ಣು ಒಳಗೊಳಗೇ ನೆನೆದು ಮೆತ್ತಗಾಗಿ, ಕೆಲವು ಗೋಡೆಗಳು ಕುಸಿದೇ ಬಿದ್ದವು. ಈಗ ಅಲ್ಲಿನ ಸಂರಕ್ಷಣಾ ತಜ್ಞರು ಸಿಮೆಂಟು ಕಿತ್ತು ಸುಣ್ಣ ಹಾಕಿ ಅಂತಿದಾರೆ.

ನಮ್ಮಲ್ಲೂ ಅದೇ ಕಥೆ ನಡೀತಿದೆ. ಊರಿನ ಹಳೇ ಮನೆಯ ಬುಡ ಉದುರುತ್ತೆ ಅಂತ ನಾವು ಇಲ್ಲಿಂದಲೇ ದುಡ್ಡು ಕಳಿಸಿ ಸಿಮೆಂಟು ಮೆತ್ತಿಸ್ತೀವಿ, ಮೇಲೆ ನೀರು ನಿಲ್ಲಿಸೋ ಬಣ್ಣ ಹೊಡೆಸ್ತೀವಿ. ಸ್ವಲ್ಪ ದಿನಕ್ಕೆ ಬಣ್ಣ ಗುಳ್ಳೆ ಏಳುತ್ತೆ. ಪೇಂಟು ಸರಿ ಇಲ್ಲ ಅಂತ ಬೈಕೋತೀವಿ. ನಿಜಕ್ಕೂ ಆ ಗುಳ್ಳೆ ಹೊರಬರಲು ಒದ್ದಾಡ್ತಿರೋ ನೀರು. ಬುಡದಲ್ಲಿ ದಾರಿ ಮುಚ್ಚಿದರೆ ಅದು ಇನ್ನೂ ಮೇಲಕ್ಕೆ ಹತ್ತುತ್ತೆ.

ಹೊಸ ಮನೆಗಳ ಲೆಕ್ಕ ಬೇರೆ. ಪಾಯದ ಮೇಲೆ ತೇವ ತಡೆಯೋ ಪದರ ಸರಿಯಾಗಿ ಹಾಕಿದ್ದರೆ ಯಾವ ಬಣ್ಣವಾದರೂ ತಕ್ಕಮಟ್ಟಿಗೆ ನಿಲ್ಲುತ್ತೆ. ಹಳೇ ಮನೆಗೆ ಮೊದಲು ಬೇಕಿರೋದು ಬಣ್ಣ ಅಲ್ಲ. ಸೂರಿನ ನೀರು ದೂರ ಹೋಗ್ತಿದೆಯಾ? ಗೋಡೆಗೆ ಒತ್ತಿಕೊಂಡು ಮಣ್ಣು ಏರಿದೆಯಾ? ಡಾಂಬರಿನ ಮೇಲೆ ಡಾಂಬರು ಹಾಕಿ ಹಾಕಿ ರಸ್ತೆ ಎಷ್ಟು ಮೇಲೆ ಬಂದಿದೆ? ಎಷ್ಟೋ ಬೀದಿಗಳಲ್ಲಿ ಮೂರು ಮೆಟ್ಟಿಲು ಹತ್ತಿ ಹೋಗ್ತಿದ್ದ ಮನೆಗೆ ಈಗ ಒಂದು ಮೆಟ್ಟಿಲು ಇಳಿದು ಹೋಗಬೇಕು. ಕೆಮ್ಮಣ್ಣು ಬಳಿಯೋಣ ಅಂದರೂ ಅಲ್ಲಿ ಪಾಯವೇ ಕಾಣಲ್ಲ, ಅದು ರಸ್ತೆಯ ಕೆಳಗಿದೆ.