ಮಿಣುಕುಹುಳದ ಬೆಳಕಿಗೆ ಲೆಕ್ಕ

ಕಳೆದ ವರ್ಷ ಮುಂಗಾರಿನ ಮೊದಲ ಮಳೆ ಬಿದ್ದ ವಾರ ಕೊಕ್ಕರೆ ಬೆಳ್ಳೂರಿನ ಅಜ್ಜಿಮನೆಯಲ್ಲಿದ್ದೆ. ಹುಣಸೆಮರದ ಹೆಜ್ಜಾರ್ಲೆಗಳು ಸುಮ್ಮನಾದ ಹೊತ್ತಿಗೆ ಕರೆಂಟು ಹೋಯಿತು. ಹಿತ್ತಲ ಬೇಲಿಯಲ್ಲಿ ಮಿಣುಕುಹುಳಗಳು. ಒಂದನ್ನು ಗಾಜಿನ ಲೋಟದಲ್ಲಿಟ್ಟು ಒಂದು ಮೀಟರ್ ದೂರ ಕೂತೆ. ಮೇಣದಬತ್ತಿ ಹಿಡಿದು ಹಿಂದಕ್ಕೆ ನಡೆಯುತ್ತಾ ಹೋಗು ಎಂದು ತಮ್ಮನಿಗೆ ಹೇಳಿದೆ.

"ಹುಳಿನ ಬೆಳಕ್ಗೂ ಲೆಕ್ಕ ಹಾಕ್ತೀಯೇನ್ಲಾ ಮಗ?" ಎಂದಿತು ಅಜ್ಜಿ.

ಸುಮಾರು 20 ಮೀಟರ್ ದೂರದಲ್ಲಿ ಎರಡೂ ಸಮ ಕಂಡವು. ಬೆಳಕು ದೂರದ ವರ್ಗಕ್ಕೆ ತಕ್ಕಂತೆ ಕುಗ್ಗುವುದರಿಂದ ಹುಳದ್ದು ಬತ್ತಿಯ 400ನೇ ಒಂದು ಭಾಗ. ಬತ್ತಿ ಸುತ್ತಲೂ ಚೆಲ್ಲುವುದು ಸುಮಾರು 12.6 ಲೂಮೆನ್, ಹುಳದ ಪಾಲು 0.03. ಹಸಿರು-ಹಳದಿ ಬೆಳಕಿನ ಒಂದು ವ್ಯಾಟ್ ಎಂದರೆ ಹತ್ತಿರಹತ್ತಿರ 683 ಲೂಮೆನ್. ಅಲ್ಲಿಗೆ 46 ಮೈಕ್ರೋವ್ಯಾಟ್. ಹುಳ ಹೊಟ್ಟೆಯಡಿ ಮಾತ್ರ ಹೊಳೆಯುತ್ತದೆಂದು ಅರ್ಧ ಕಳೆದರೆ 23. ಮಿನುಗುವ ಬೆಳಕನ್ನು ಕಣ್ಣಳತೆಯಲ್ಲಿ ತೂಗಿದ ಒರಟು ಲೆಕ್ಕವಿದು.

ಇದೇ ಕೆಲಸವನ್ನು 1890ರಲ್ಲಿ ಸ್ಯಾಮುಯೆಲ್ ಲ್ಯಾಂಗ್ಲಿ ಮತ್ತು ಫ್ರಾಂಕ್ ವೆರಿ ಕ್ಯೂಬಾದ ಹೊಳೆಯುವ ದುಂಬಿಯ ಮೇಲೆ ಮಾಡಿದ್ದರು. ಅವರ ಪ್ರಬಂಧದ ಹೆಸರೇ 'ಅತಿ ಅಗ್ಗದ ಬೆಳಕು' ಎಂಬರ್ಥದ್ದು. ದೀಪಗಳೆಲ್ಲ ಬೆಳಕಿಗಿಂತ ಬಿಸಿಯನ್ನೇ ಹೆಚ್ಚು ಕೊಡುತ್ತಿದ್ದ ಕಾಲ. ಲ್ಯಾಂಗ್ಲಿ ತಾನೇ ರೂಪಿಸಿದ್ದ ಬೋಲೋಮೀಟರ್ ಹಿಡಿದು ಹುಡುಕಿದರೂ ದುಂಬಿಯ ಬೆಳಕಿನ ಜೊತೆ ಲೆಕ್ಕಕ್ಕೆ ಸಿಗುವಷ್ಟು ಶಾಖವಿರಲಿಲ್ಲ. 1910ರಲ್ಲಿ ಐವ್ಸ್ ಮತ್ತು ಕೋಬ್ಲೆಂಟ್ಸ್ ಅಮೆರಿಕದ ಮಿಣುಕುಹುಳಕ್ಕೆ ಶೇ. 96.5 ದಕ್ಷತೆ ಎಂದರು.

ನಾನು ಎಡವಿದ್ದು ಇಲ್ಲಿಯೇ. ಪ್ರಬಂಧದ ಮೊದಲ ಅಧ್ಯಾಯದಲ್ಲಿ 'ಮಿಣುಕುಹುಳ ತನ್ನ ಶಕ್ತಿಯನ್ನೆಲ್ಲ ಬೆಳಕಾಗಿಸುತ್ತದೆ' ಎಂದು ಬರೆದಿದ್ದೆ. ಅವರು ಅಳೆದದ್ದು ಹೊರಬಂದ ಕಿರಣದಲ್ಲಿ ಕಣ್ಣಿಗೆ ದಕ್ಕುವುದೆಷ್ಟು ಎಂಬುದನ್ನು. ಅಷ್ಟು ಕೊಡಲು ಹುಳ ಒಳಗೆ ಎಷ್ಟು ಸುಟ್ಟಿತೆಂಬುದು ಬೇರೆಯೇ ಪ್ರಶ್ನೆ. ಬುಡ್ಡಿಯ ಬೆಳಕನ್ನು ನೋಡಿ ಸೀಮೆಎಣ್ಣೆ ಎಷ್ಟು ಖರ್ಚಾಯಿತೆಂದು ಹೇಳಲಾದೀತೆ? 1960ರಲ್ಲಿ ಸೆಲಿಗರ್ ಮತ್ತು ಮೆಕ್‌ಎಲ್ರಾಯ್ ಆ ಪ್ರಶ್ನೆಯ ಒಂದು ತುದಿ ಹಿಡಿದರು: ನೂರು ಲೂಸಿಫೆರಿನ್ ಅಣುಗಳು ಉರಿದರೆ 88 ಫೋಟಾನ್. ಆ ಸಂಖ್ಯೆ ಅರ್ಧ ಶತಮಾನ ಪಠ್ಯಗಳಲ್ಲಿ ಕೂತಿತ್ತು. 2008ರಲ್ಲಿ ಜಪಾನಿನ ತಂಡವೊಂದು ಮತ್ತೆ ಅಳೆದಾಗ ಸಿಕ್ಕಿದ್ದು 41.

ಲೋಟ ಮಗುಚಿ ಹುಳವನ್ನು ಬೇಲಿಗೆ ಬಿಟ್ಟೆ. ಅಧ್ಯಾಯದ ಆ ವಾಕ್ಯವನ್ನು ಮೇಣದಬತ್ತಿಯ ಬೆಳಕಿನಲ್ಲೇ ಹೊಡೆದುಹಾಕಿದೆ. "ಎಷ್ಟಾಯ್ತ್ಲಾ ಲೆಕ್ಕ?" ಅಂತು ಅಜ್ಜಿ, ಅರೆನಿದ್ದೆಯಲ್ಲಿ.