ಸಂಪಾದಕರು ಕಟ್ಟಿದ ಬ್ಯಾಂಕು, ದಿವಾನರು ಹಾಕಿದ ಬೀಗ

ಪೇಪರ್ ನಡೆಸುವವರು ಬ್ಯಾಂಕನ್ನೂ ನಡೆಸಬಹುದೇ? ಪತ್ರಿಕೋದ್ಯಮ ಓದಿದವರ ನಡುವೆ ಇಂಥ ಚರ್ಚೆ ಬಂದಾಗ ನನಗೆ ನೆನಪಾಗುವುದು ಪಕ್ಕದ ಕೇರಳದ ಕೆ. ಸಿ. ಮಾಮ್ಮನ್ ಮಾಪಿಳ್ಳೆ.

ಕೇರಳದ ದಕ್ಷಿಣ ಭಾಗ ಆಗ ತಿರುವಾಂಕೂರು ಸಂಸ್ಥಾನ. ನಮ್ಮ ಮೈಸೂರಿನ ಹಾಗೆಯೇ ಅಲ್ಲೂ ಮಹಾರಾಜರು, ಅವರ ಕೆಳಗೆ ದಿವಾನರು. ಅಲ್ಲಿನ ಕೊಟ್ಟಾಯಂ ಊರಿನಲ್ಲಿ ಕಂಡತ್ತಿಲ್ ವರ್ಗೀಸ್ ಮಾಪಿಳ್ಳೆ ಎಂಬುವರು 1888ರಲ್ಲಿ ಜನರಿಗೆ ಷೇರು ಹಂಚಿ ಒಂದು ಕಂಪನಿ ಕಟ್ಟಿದರು. 1890ರಲ್ಲಿ ಆ ಕಂಪನಿಯಿಂದ 'ಮಲಯಾಳ ಮನೋರಮಾ' ಪತ್ರಿಕೆ ಹೊರಬಂತು. 1904ರಲ್ಲಿ ಅವರು ತೀರಿಕೊಂಡಾಗ ಪತ್ರಿಕೆ ಅವರ ಸಂಬಂಧಿ ಮಾಮ್ಮನ್ ಮಾಪಿಳ್ಳೆಯವರ ಹೆಗಲಿಗೆ ಬಿತ್ತು. 1873ರಲ್ಲಿ ಹುಟ್ಟಿದ ಇವರು ಅಲ್ಲಿಯವರೆಗೆ ಶಾಲಾ ಮೇಷ್ಟ್ರು.

ಮೇಷ್ಟ್ರು ಬರೆಯುವುದಕ್ಕೇ ನಿಲ್ಲಲಿಲ್ಲ. ರಬ್ಬರ್ ತೋಟಗಳು ಹೆಚ್ಚಾಗಿ ಬ್ರಿಟಿಷರ ಕೈಯಲ್ಲಿದ್ದ ಕಾಲದಲ್ಲಿ ಸ್ಥಳೀಯರೂ ರಬ್ಬರ್ ಬೆಳೆಯಬೇಕು ಎಂದು ಹೊರಟರು. ಗಿಡ ನೆಟ್ಟು ಹಾಲು ಬರಲು ಐದಾರು ವರ್ಷ ಬೇಕು. ಅಷ್ಟು ವರ್ಷ ದುಡ್ಡು ಹಾಕುವವರು ಯಾರು? ಅಡಿಕೆ, ಕಾಫಿ ಮಾಡಿದವರಿಗೆ ಈ ಕಷ್ಟ ಬಿಡಿಸಿ ಹೇಳಬೇಕಿಲ್ಲ. 1912ರಲ್ಲಿ ತಿರುವಾಂಕೂರ್ ನ್ಯಾಷನಲ್ ಬ್ಯಾಂಕ್ ಶುರುವಾಯಿತು. ಪತ್ರಿಕೆಯೂ ಬೆಳೆಯಿತು, 1928ರಲ್ಲಿ ದಿನಪತ್ರಿಕೆಯಾಯಿತು. 1937ರಲ್ಲಿ ಇವರ ಬ್ಯಾಂಕು ಸಿ. ಪಿ. ಮಾತ್ತನ್ ಅವರ ಕ್ವಿಲೋನ್ ಬ್ಯಾಂಕಿನ ಜೊತೆ ಕೂಡಿ ದಕ್ಷಿಣದ ದೊಡ್ಡ ಬ್ಯಾಂಕುಗಳಲ್ಲಿ ಒಂದಾಯಿತು.

ಅಷ್ಟರಲ್ಲಿ ರಾಜಕೀಯ ಕಾವೇರಿತ್ತು. ಶಾಸನಸಭೆ, ಸರ್ಕಾರಿ ಕೆಲಸಗಳಲ್ಲಿ ಕ್ರೈಸ್ತರು, ಈಳವರು, ಮುಸ್ಲಿಮರು ತಮ್ಮ ಪಾಲು ಕೇಳುತ್ತಿದ್ದರು. ಮನೋರಮಾ ಅವರ ಪರ ಬರೆಯುತ್ತಿತ್ತು. 1936ರಲ್ಲಿ ದಿವಾನರಾದ ಸರ್ ಸಿ. ಪಿ. ರಾಮಸ್ವಾಮಿ ಅಯ್ಯರ್ ಅವರಿಗೆ ಇದು ಹಿಡಿಸಲಿಲ್ಲ. 1938ರಲ್ಲಿ ಜವಾಬ್ದಾರಿ ಸರ್ಕಾರ ಬೇಕೆಂದು ಸ್ಟೇಟ್ ಕಾಂಗ್ರೆಸ್ ಹೋರಾಟಕ್ಕಿಳಿದಾಗ ಪತ್ರಿಕೆ ಅದರ ಬೆನ್ನಿಗೆ ನಿಂತಿತು.

ಆ ವರ್ಷದ ಜೂನ್‌ನಲ್ಲಿ ಬ್ಯಾಂಕು ಬಾಗಿಲು ಹಾಕಿತು.

ಇಲ್ಲಿ ಸ್ವಲ್ಪ ನಿಲ್ಲೋಣ. ಯಾವ ಬ್ಯಾಂಕೂ ನೀವು ಇಟ್ಟ ದುಡ್ಡನ್ನು ಪೆಟ್ಟಿಗೆಯಲ್ಲಿ ಇಟ್ಟುಕೊಂಡು ಕೂತಿರುವುದಿಲ್ಲ, ಸಾಲ ಕೊಟ್ಟಿರುತ್ತದೆ. 'ಬ್ಯಾಂಕು ಮುಳುಗುತ್ತದಂತೆ' ಎಂಬ ಮಾತು ಹಬ್ಬಿ ಎಲ್ಲರೂ ಒಟ್ಟಿಗೆ ಬಂದು ಕೇಳಿದರೆ ಗಟ್ಟಿ ಬ್ಯಾಂಕೂ ತಡೆಯುವುದು ಕಷ್ಟ. ಕೈ ಹಿಡಿಯಬಹುದಾಗಿದ್ದ ರಿಸರ್ವ್ ಬ್ಯಾಂಕಿಗೆ ಆಗಿನ್ನೂ ಮೂರೇ ವರ್ಷ. ಅದು ಕಾಪಾಡಲಿಲ್ಲ.

ಮುಂದಿನ ಪೆಟ್ಟು ಪತ್ರಿಕೆಗೆ. 1938ರ ಸೆಪ್ಟೆಂಬರ್ 10ರಂದು ಮನೋರಮಾ ಕಚೇರಿಗೆ ಸರ್ಕಾರ ಬೀಗ ಜಡಿಯಿತು. ಪಕ್ಕದ ಕೊಚ್ಚಿ ಸಂಸ್ಥಾನದ ಕುನ್ನಂಕುಳಂನಿಂದ ಕೆಲಕಾಲ ಅಚ್ಚಾಯಿತು, ಆದರೆ ಹೆಚ್ಚು ದಿನ ನಡೆಯಲಿಲ್ಲ. ಅಕ್ಟೋಬರ್‌ನಲ್ಲಿ ಮಾಮ್ಮನ್ ಮಾಪಿಳ್ಳೆ ಮತ್ತು ಮಾತ್ತನ್ ಅವರನ್ನು ಮದ್ರಾಸಿನಲ್ಲಿ ಬಂಧಿಸಿ ತಿರುವಾಂಕೂರಿಗೆ ತಂದರು. ಬ್ಯಾಂಕಿನ ವ್ಯವಹಾರದಲ್ಲಿ ಮೋಸ ಮಾಡಿದರೆಂಬ ಕೇಸು, ಶಿಕ್ಷೆ. ಬಿಡುಗಡೆಯಾಗಿದ್ದು 1941ರಲ್ಲಿ. ಆಗ ಅವರಿಗೆ ಅರವತ್ತೇಳು ದಾಟಿತ್ತು.

ಬ್ಯಾಂಕನ್ನು ಮುಳುಗಿಸಿದ್ದು ದಿವಾನರೇ ಎಂದು ಕೇರಳದಲ್ಲಿ ಇಂದಿಗೂ ಹೇಳುವವರು ಬಹಳ. ಅವರ ಹಗೆತನ ಅದರಲ್ಲಿ ಕೆಲಸ ಮಾಡಿತ್ತು ಎಂದು ನನಗೂ ಅನ್ನಿಸುತ್ತದೆ. ಪತ್ರಿಕೆಗೆ ಬಿದ್ದ ಬೀಗವೇ ಅದಕ್ಕೆ ಸಾಕ್ಷಿ. ಆದರೆ ಕಥೆಯನ್ನು ಬರೀ ಸಂಪಾದಕ ಮತ್ತು ದಿವಾನರ ಜಗಳವಾಗಿ ಓದಿದರೆ, ಮಗಳ ಮದುವೆಗೆಂದು, ಮುಪ್ಪಿಗೆಂದು ದುಡ್ಡು ಇಟ್ಟವರು ಲೆಕ್ಕದಿಂದಲೇ ಬಿಟ್ಟುಹೋಗುತ್ತಾರೆ. ಆ ಸಂಪಾದಕೀಯಗಳನ್ನು ಬರೆದವರು ಅವರಲ್ಲ. ಸರ್ಕಾರವನ್ನು ಎದುರು ಹಾಕಿಕೊಳ್ಳುವ ಪತ್ರಿಕೆ ತನ್ನ ಅಚ್ಚಿನ ಮೊಳೆಗಳನ್ನು ಪಣಕ್ಕಿಡಬಹುದು. ಊರಿನವರ ಠೇವಣಿಯೂ ಅದೇ ಮನೆಯಲ್ಲಿದ್ದರೆ ಹೊಡೆಯುವವನಿಗೆ ಜಾಗ ಸುಲಭವಾಗಿ ಸಿಗುತ್ತದೆ. ಇವತ್ತು ಗಣಿ, ಕಾಲೇಜು, ಸಕ್ಕರೆ ಕಾರ್ಖಾನೆ ಇರುವವರು ಟಿವಿ ಚಾನೆಲ್ ನಡೆಸಿದಾಗ ಏನಾಗುತ್ತದೆ ಎಂಬುದನ್ನು ನೀವೇ ನೋಡುತ್ತಿದ್ದೀರಿ. ಅವರು ಮಾತ್ರ ಎದುರು ಹಾಕಿಕೊಳ್ಳುವುದಿಲ್ಲ!

ಠೇವಣಿಗೆ ರಕ್ಷಣೆ ಬರಲು ಕೇರಳದಲ್ಲೇ ಇನ್ನೊಂದು ಬ್ಯಾಂಕು ಮುಳುಗಬೇಕಾಯಿತು. 1960ರಲ್ಲಿ ಪಾಲಾ ಸೆಂಟ್ರಲ್ ಬ್ಯಾಂಕ್ ಮುಚ್ಚಿದ ಮೇಲೆ, 1962ರಲ್ಲಿ ಠೇವಣಿ ವಿಮೆ ಜಾರಿಗೆ ಬಂತು. ಆಗ 1,500 ರೂಪಾಯಿವರೆಗೆ ಇತ್ತು, 2020ರಿಂದ 5 ಲಕ್ಷದವರೆಗೆ ಇದೆ. ನಿಮ್ಮೂರಿನ ಸೊಸೈಟಿಯಲ್ಲಿ ದುಡ್ಡು ಇಟ್ಟಿದ್ದರೆ ಒಂದು ಮಾತು ನೆನಪಿಡಿ: ಈ ವಿಮೆ ಬ್ಯಾಂಕುಗಳಿಗೆ ಮಾತ್ರ, ಪತ್ತಿನ ಸಹಕಾರ ಸಂಘಗಳಿಗೆ ಇಲ್ಲ.

1947ರ ಜುಲೈನಲ್ಲಿ ದಿವಾನರ ಮೇಲೆ ಕತ್ತಿಯಿಂದ ಹಲ್ಲೆ ನಡೆಯಿತು. ಮರುತಿಂಗಳು ಅವರು ಹುದ್ದೆ ಬಿಟ್ಟರು. ನವೆಂಬರ್ 29ರಂದು ಮನೋರಮಾ ಮತ್ತೆ ಅಚ್ಚಾಯಿತು. ಮಾಮ್ಮನ್ ಮಾಪಿಳ್ಳೆ 1953ರ ಡಿಸೆಂಬರ್ 31ರಂದು ತೀರಿಕೊಂಡರು. ಅವರ ಮಗನೊಬ್ಬ 1946ರಲ್ಲಿ ಮದ್ರಾಸಿನ ತಿರುವೊಟ್ಟಿಯೂರಿನ ಒಂದು ಶೆಡ್ಡಿನಲ್ಲಿ ಮಕ್ಕಳಾಟದ ಬಲೂನು ಮಾಡತೊಡಗಿದ್ದ. ಆ ಶೆಡ್ಡಿನ ಹೆಸರು ಮದ್ರಾಸ್ ರಬ್ಬರ್ ಫ್ಯಾಕ್ಟರಿ. ನಿಮ್ಮೂರಿನ ಟ್ರ್ಯಾಕ್ಟರ್ ಟೈರಿನ ಮೇಲೆ ಎಂಆರ್‌ಎಫ್ ಅಂತ ಬರೆದಿದ್ದರೆ, ಅದು ಇದೇ.